ಮನೆಗೆ ಇಬ್ಬರು ಓನರ್, ಖಾಲಿ ಮಾಡುವ ನೋಟಿಸ್ ಯಾರಿಗೆ ಕೊಡಬೇಕು?

ಎಲ್ಲರಿಗೂ ನಮಸ್ಕಾರ, ಸಹಾಯ ಬೇಕಿತ್ತು. ಮೈಸೂರಿನ ಕುವೆಂಪುನಗರದಲ್ಲಿ ಬಾಡಿಗೆಗೆ ಇದ್ದೇವೆ. ಮನೆ ಅಣ್ಣ ತಂಗಿ ಇಬ್ಬರ ಹೆಸರಲ್ಲಿದೆ, ಅಗ್ರಿಮೆಂಟಿಗೂ ಇಬ್ಬರೂ ಸಹಿ ಹಾಕಿದ್ದಾರೆ. 11 ತಿಂಗಳು ಮುಗಿದ ಮೇಲೆ ಹೊಸದು ಮಾಡಿಸಿಲ್ಲ, ತಿಂಗಳು ತಿಂಗಳು ಬಾಡಿಗೆ ಕೊಡುತ್ತಿದ್ದೇವೆ.

ಅಮ್ಮನಿಗೆ ಮೆಟ್ಟಿಲು ಹತ್ತಲು ಆಗುತ್ತಿಲ್ಲ, ಹಾಗಾಗಿ ಬಿಡಲೇಬೇಕು. ಅಣ್ಣನವರು ಒಪ್ಪಿದ್ದಾರೆ. ತಂಗಿ ಊರಲ್ಲಿಲ್ಲ, ಫೋನಿನಲ್ಲಿ ‘ಈಗಲೇ ಬೇಡ’ ಅನ್ನುತ್ತಾರೆ. ಅಡ್ವಾನ್ಸ್ ಹೋಗಿರುವುದು ಅವರ ಖಾತೆಗೇ! ಅದೇ ಜಾಸ್ತಿ ಚಿಂತೆ.

ಅಗ್ರಿಮೆಂಟಿನಲ್ಲಿ ಬೇರೆ ಷರತ್ತು ಇಲ್ಲದಿದ್ದರೆ, ತಿಂಗಳ ಬಾಡಿಗೆಗೆ 15 ದಿನದ ನೋಟಿಸ್ ಸಾಕು ಅಂತ ಆಸ್ತಿ ವರ್ಗಾವಣೆ ಕಾಯ್ದೆಯ 106ನೇ ಸೆಕ್ಷನ್ ಹೇಳುತ್ತದೆ. ಇಬ್ಬರಿಗೂ ಬೇರೆ ಬೇರೆ ರಿಜಿಸ್ಟರ್ಡ್ ಪೋಸ್ಟ್ ಮಾಡಬೇಕಾ? ಕೀ ಅಣ್ಣನವರಿಗೆ ಕೊಟ್ಟು ಬರೆಸಿಕೊಂಡರೆ ನಡೆಯುತ್ತಾ? ಅಡ್ವಾನ್ಸ್ ಇಬ್ಬರಲ್ಲಿ ಯಾರನ್ನು ಕೇಳಬೇಕು? ಗೊತ್ತಿರುವವರು, ವಕೀಲರು ಯಾರಾದರೂ ಇದ್ದರೆ ದಯವಿಟ್ಟು ತಿಳಿಸಿ.