ನೊಬೆಲ್‌ಗೆ ಕನ್ನಡ ಲೇಖಕರ ಹೆಸರು ಸೂಚಿಸುವುದು ಹೇಗೆ?

ಮಲೆನಾಡಿಗ:
ನಮ್ಮ ಸಾಹಿತ್ಯ ಬಳಗದಿಂದ ಕನ್ನಡದ ಹಿರಿಯ ಲೇಖಕರೊಬ್ಬರ ಹೆಸರನ್ನು ಸಾಹಿತ್ಯದ ನೊಬೆಲ್‌ಗೆ ಕಳಿಸಬೇಕೆಂದಿದ್ದೇವೆ. ಅರ್ಜಿ ನಮೂನೆ ಎಲ್ಲಿ ಸಿಗುತ್ತದೆ? ಶುಲ್ಕ ಇದೆಯೇ? ಸಾವಿರ ಜನರ ಸಹಿ ಹಾಕಿಸಿದರೆ ತೂಕ ಬರುತ್ತದೆಯೇ? ‘ನೊಬೆಲ್‌ಗೆ ನಾಮನಿರ್ದೇಶನಗೊಂಡವರು’ ಅಂತ ಪೇಪರ್‌ನಲ್ಲಿ ಬರುತ್ತದಲ್ಲ, ಆ ಪಟ್ಟಿ ಎಲ್ಲಿದೆ?

ಹಳೆಕಡತ:
ಸಹಿ ಸಂಗ್ರಹ ಬೇಡಿ ಸರ್, ಆ ಶ್ರಮ ದಂಡ. ಸಾವಿರ ಸಹಿಗಿಂತ ಅರ್ಹರೊಬ್ಬರ ಒಂದು ಪತ್ರ ಸಾಕು. ಶುಲ್ಕವಿಲ್ಲ, ಲೇಖಕರು ತಾವೇ ಅರ್ಜಿ ಹಾಕುವಂತೆಯೂ ಇಲ್ಲ; ತಮ್ಮ ಹೆಸರು ತಾವೇ ಸೂಚಿಸಿಕೊಂಡರೆ ಅದು ಅಸಿಂಧು.

ಸೂಚಿಸುವ ಹಕ್ಕು ಇರುವುದು ಸಾಹಿತ್ಯದ ನೊಬೆಲ್ ಕೊಡುವ ಸ್ವೀಡಿಷ್ ಅಕಾಡೆಮಿ ಮತ್ತು ಅದೇ ಸ್ವರೂಪದ ಅಕಾಡೆಮಿಗಳ ಸದಸ್ಯರಿಗೆ, ವಿಶ್ವವಿದ್ಯಾಲಯಗಳ ಸಾಹಿತ್ಯ ಅಥವಾ ಭಾಷಾಶಾಸ್ತ್ರದ ಪ್ರೊಫೆಸರ್‌ಗಳಿಗೆ, ಹಿಂದೆ ಸಾಹಿತ್ಯದ ನೊಬೆಲ್ ಪಡೆದವರಿಗೆ, ದೇಶದ ಸಾಹಿತ್ಯವನ್ನು ಪ್ರತಿನಿಧಿಸುವ ಲೇಖಕರ ಸಂಘಗಳ ಅಧ್ಯಕ್ಷರಿಗೆ. ನಿಮಗೆ ಹತ್ತಿರದ ದಾರಿ ಎರಡನೆಯದು. ಯಾವುದಾದರೂ ವಿಶ್ವವಿದ್ಯಾಲಯದ ಕನ್ನಡ ವಿಭಾಗದ ಪ್ರೊಫೆಸರ್ ಒಬ್ಬರನ್ನು ಒಪ್ಪಿಸಿ. ಅಕಾಡೆಮಿ ಪ್ರತಿ ಸೆಪ್ಟೆಂಬರಿನಲ್ಲಿ ನೂರಾರು ಜನರಿಗೆ ಆಹ್ವಾನ ಕಳಿಸುತ್ತದೆ, ಆದರೆ ಆಹ್ವಾನ ಬಾರದ ಅರ್ಹರೂ ಬರೆಯಬಹುದು. (ಭೌತ, ರಸಾಯನ, ವೈದ್ಯಕೀಯದಲ್ಲಿ ಹೀಗಿಲ್ಲ, ಅಲ್ಲಿ ಆಹ್ವಾನ ಬೇಕೇ ಬೇಕು.)

ಪತ್ರ ಜನವರಿ 31ರೊಳಗೆ ಸ್ಟಾಕ್‌ಹೋಮ್ ತಲುಪಿರಬೇಕು, ಅಂದು ಅಂಚೆಗೆ ಹಾಕಿದರೆ ಸಾಲದು. ಬರೆಯುವವರ ಹುದ್ದೆ, ವಿಭಾಗ, ವಿಶ್ವವಿದ್ಯಾಲಯ ಸ್ಪಷ್ಟವಾಗಿರಲಿ, ಅರ್ಹತೆ ಅಳೆಯುವುದು ಅದರಿಂದಲೇ. ಸನ್ಮಾನ, ಬಿರುದುಗಳ ಪಟ್ಟಿ ಬಿಡಿ. ಬರವಣಿಗೆಯಲ್ಲಿ ಏನು ಹೊಸತು ಎಂಬುದನ್ನು ಎರಡು ಪುಟದಲ್ಲಿ ಹೇಳಿ, ಯಾವ ಕೃತಿ ಯಾವ ಭಾಷೆಯಲ್ಲಿ ಸಿಗುತ್ತದೆ ಎಂದು ಕೊನೆಗೆ ಕೊಡಿ.

ಆಮೇಲಿನದು ಸೋಸುವ ಕೆಲಸ. ಏಪ್ರಿಲ್ ಹೊತ್ತಿಗೆ 15-20 ಹೆಸರು, ಮೇ ತಿಂಗಳಲ್ಲಿ 5. ಬೇಸಿಗೆಯಿಡೀ ಸದಸ್ಯರು ಆ ಐವರನ್ನು ಓದುತ್ತಾರೆ. ಅಕ್ಟೋಬರಿನಲ್ಲಿ ಅರ್ಧಕ್ಕಿಂತ ಹೆಚ್ಚು ಮತ ಬಿದ್ದವರಿಗೆ ಬಹುಮಾನ.

ಪುಸ್ತಕಹುಳು:
ನಿಜವಾದ ತೊಡಕು ಪತ್ರದಲ್ಲಿಲ್ಲ, ಅನುವಾದದಲ್ಲಿದೆ. 1913ರಲ್ಲಿ ಠಾಗೋರರ ಹೆಸರು ಸೂಚಿಸಿದ್ದು ಥಾಮಸ್ ಸ್ಟರ್ಜ್ ಮೂರ್ ಎಂಬ ಇಂಗ್ಲಿಷ್ ಕವಿ ಒಬ್ಬರೇ, ರಾಯಲ್ ಸೊಸೈಟಿ ಆಫ್ ಲಿಟರೇಚರ್‌ನ ಸದಸ್ಯನಾಗಿ. ಠಾಗೋರರು ತಮ್ಮ ಕವಿತೆಗಳನ್ನು ತಾವೇ ಇಂಗ್ಲಿಷಿಗೆ ತಂದಿದ್ದರಿಂದ ತೀರ್ಪುಗಾರರಿಗೆ ಓದಲು ಪುಸ್ತಕವಿತ್ತು. ನಿಮ್ಮ ಲೇಖಕರದು ಇಂಗ್ಲಿಷಿನಲ್ಲಿ ಒಂದೇ ಕಥೆ ಬಂದಿದ್ದರೆ ಮೊದಲು ಅನುವಾದಕರನ್ನು ಹುಡುಕಿ, ಪತ್ರ ಎರಡು ವರ್ಷ ತಡೆಯಲಿ.

ಇಂಟರ್‌ನ್ಯಾಷನಲ್ ಬೂಕರ್ ಜೊತೆ ಇದನ್ನು ಬೆರೆಸಬೇಡಿ. ಅದಕ್ಕೆ ಪುಸ್ತಕ ಕಳಿಸುವುದು ಪ್ರಕಾಶಕರು, ಬಹುಮಾನ ಒಂದು ಪುಸ್ತಕಕ್ಕೆ. 2025ರಲ್ಲಿ ಲೇಖಕಿ ಬಾನು ಮುಷ್ತಾಕ್, ಅನುವಾದಕಿ ದೀಪಾ ಭಾಸ್ತಿ ಅವರಿಗೆ ಬಂದ 50,000 ಪೌಂಡ್ ಇಬ್ಬರಿಗೂ ಸಮಪಾಲು. ನೊಬೆಲ್‌ನಲ್ಲಿ ಅನುವಾದಕರಿಗೆ ಪಾಲಿಲ್ಲ, ಅದು ನನಗೆ ಇವತ್ತಿಗೂ ಅನ್ಯಾಯ ಅನ್ನಿಸುತ್ತದೆ.

ಮಲೆನಾಡಿಗ:
ತುಂಬಾ ಉಪಕಾರವಾಯ್ತು. ಲೇಖಕರಿಗೆ ವಯಸ್ಸಾಗಿದೆ. ನಡುವೆ ತೀರಿಕೊಂಡರೆ? ಗಾಂಧೀಜಿಗೆ ತಪ್ಪಿದ್ದೂ ಈ ನಿಯಮದಿಂದಲೇ ಅಲ್ಲವೇ?

ಹಳೆಕಡತ:
ಪೂರ್ತಿ ಹಾಗಲ್ಲ. ಮರಣೋತ್ತರವಾಗಿ ಕೊಡಬಾರದೆಂಬ ಈಗಿನ ನಿಯಮ ಬಂದದ್ದು 1974ರಲ್ಲಿ. ಅದಕ್ಕೂ ಮೊದಲು 1931ರಲ್ಲಿ ಕವಿ ಕಾರ್ಲ್‌ಫೆಲ್ಟ್, 1961ರಲ್ಲಿ ವಿಶ್ವಸಂಸ್ಥೆಯ ಮಹಾಕಾರ್ಯದರ್ಶಿ ಡಾಗ್ ಹ್ಯಾಮರ್‌ಶೋಲ್ಡ್ ಇಬ್ಬರಿಗೂ ಸತ್ತ ಮೇಲೆ ಕೊಟ್ಟಿದ್ದಾರೆ. ಗಾಂಧೀಜಿಯ ಹೆಸರು ಶಾಂತಿ ಬಹುಮಾನಕ್ಕೆ 1937, 38, 39, 47, 48ರಲ್ಲಿ ಹೋಗಿತ್ತು. 1948ರಲ್ಲಿ ಹೆಸರು ಸೂಚಿಸುವ ಗಡುವಿಗೆ ಎರಡು ದಿನ ಮೊದಲು ಅವರ ಹತ್ಯೆಯಾಯಿತು. ಬದುಕಿರುವವರಲ್ಲಿ ತಕ್ಕವರಿಲ್ಲವೆಂದು ಸಮಿತಿ ಆ ವರ್ಷ ಯಾರಿಗೂ ಕೊಡಲಿಲ್ಲ. ಈಗ ಘೋಷಣೆಯಾದ ಮೇಲೆ ತೀರಿಕೊಂಡರೆ ಬಹುಮಾನ ಉಳಿಯುತ್ತದೆ, ಮೊದಲೇ ಹೋದರೆ ಇಲ್ಲ. 2011ರಲ್ಲಿ ವೈದ್ಯಕೀಯದ ರಾಲ್ಫ್ ಸ್ಟೈನ್‌ಮನ್ ಮೂರು ದಿನ ಮುಂಚೆ ತೀರಿಕೊಂಡಿದ್ದು ಸಮಿತಿಗೆ ಗೊತ್ತಿರಲಿಲ್ಲ, ಹಾಗಾಗಿ ಹಿಂತೆಗೆಯಲಿಲ್ಲ.

ಪೇಪರಿನ ಪಟ್ಟಿ ನಂಬಬೇಡಿ. ಸಮಿತಿಗಳು 50 ವರ್ಷ ಹೆಸರು ಬಿಡುವುದಿಲ್ಲ. ಶಾಂತಿ ಬಹುಮಾನಕ್ಕೆ ಯಾವ ದೇಶದ ಸಂಸದರಾದರೂ, ಇತಿಹಾಸದ ಪ್ರೊಫೆಸರ್ ಆದರೂ ಹೆಸರು ಸೂಚಿಸಬಹುದು. ಹೀಗೆ ಸೂಚಿಸಿದವರೇ ಹೊರಗೆ ಹೇಳಿದ್ದು ಸುದ್ದಿಯಾಗುತ್ತದೆ. ಹಳೆಯದು ಬೇಕಿದ್ದರೆ ನೊಬೆಲ್ ಜಾಲತಾಣದ ನಾಮನಿರ್ದೇಶನ ಸಂಗ್ರಹದಲ್ಲಿ ರಾಮನ್ ಹೆಸರು ಹಾಕಿ ನೋಡಿ: 1930ಕ್ಕೆ ಅವರನ್ನು ಸೂಚಿಸಿದವರಲ್ಲಿ ರುದರ್‌ಫೋರ್ಡ್, ಬೋರ್ ಇಬ್ಬರೂ ಸಿಗುತ್ತಾರೆ.