ಝಾಂ ವಿಲಾರ್: ರಂಗ ಖಾಲಿ ಬಿಟ್ಟಿದ್ದು ಹಣವಿಲ್ಲದ್ದಕ್ಕೋ, ಬೇಕೆಂದೋ?

ರಂಗಪಾಠ (ಪ್ರಶ್ನೆ):
ಫ್ರೆಂಚ್ ನಟ, ನಿರ್ದೇಶಕ ಝಾಂ ವಿಲಾರ್ (1912–1971) ಬಗ್ಗೆ ರಂಗ ವಿದ್ಯಾರ್ಥಿಗಳಿಗಾಗಿ ಟಿಪ್ಪಣಿ ತಯಾರಿಸುತ್ತಿದ್ದೇನೆ. ಎಲ್ಲರೂ ಅವರ 'ಬರಿದಾದ ರಂಗ'ವನ್ನು ಹೊಗಳುತ್ತಾರೆ, ಕಾರಣ ಮಾತ್ರ ಯಾರೂ ಬಿಡಿಸಿ ಹೇಳುವುದಿಲ್ಲ. ಸೆಟ್ ಕೈಬಿಟ್ಟಿದ್ದು ದುಡ್ಡಿಲ್ಲದೆಯೋ, ಯೋಚಿಸಿಯೋ? ದಕ್ಷಿಣ ಫ್ರಾನ್ಸಿನ ಅವಿನ್ಯಾನ್‌ನಲ್ಲಿ ವಿಲಾರ್ ನಡೆಸಿದ 1947ರ ಮೊದಲ ನಾಟಕೋತ್ಸವ ಝೆರಾರ್ ಫಿಲಿಪ್ ಎಂಬ ತಾರೆಯಿಂದ ಗೆದ್ದಿತು ಎಂದು ಓದಿದೆ, ಅದು ನಿಜವೇ? ಪ್ಯಾರಿಸಿನ ಸುಮಾರು 2,700 ಆಸನಗಳ ಶಾಯೋ ರಂಗಮಂದಿರವನ್ನು ಶಾಸ್ತ್ರೀಯ ನಾಟಕಗಳಿಂದ ತುಂಬಿಸಿದ್ದು ಹೇಗೆ?

ಮೂರನೇಗಂಟೆ:
ಮೊದಲು ಫಿಲಿಪ್ ವಿಷಯ. ಅದು ತಪ್ಪು, ಟಿಪ್ಪಣಿಯಿಂದ ತೆಗೆದುಬಿಡಿ. ಫಿಲಿಪ್ ವಿಲಾರ್ ಜತೆ ಸೇರಿದ್ದು 1951ರಲ್ಲಿ. ಆ ವರ್ಷ ಅವಿನ್ಯಾನ್‌ನಲ್ಲಿ ಕೊರ್ನೇಯ 'ಲ ಸಿದ್', ಕ್ಲೈಸ್ಟ್‌ನ 'ಹೊಂಬುರ್ಗಿನ ರಾಜಕುಮಾರ' ಎರಡರಲ್ಲೂ ನಾಯಕ ಅವರೇ. 1947ರ ಸೆಪ್ಟೆಂಬರ್‌ನಲ್ಲಿ ನಡೆದದ್ದು ಒಂದು ವಾರದ ಕಾರ್ಯಕ್ರಮ, ಮೂರು ನಾಟಕ: ಶೇಕ್ಸ್‌ಪಿಯರನ 'ಎರಡನೇ ರಿಚರ್ಡ್', ಮೊರೀಸ್ ಕ್ಲಾವೆಲ್ ಮತ್ತು ಪೋಲ್ ಕ್ಲೋದೆಲ್ ಅವರ ಒಂದೊಂದು. ರಿಚರ್ಡ್ ಪಾತ್ರ ವಿಲಾರ್ ಅವರದೇ. ಬಂದವರು ಸುಮಾರು 4,800 ಜನ, ಅದರಲ್ಲಿ ಟಿಕೆಟ್ ಕೊಂಡವರು 2,900ರಷ್ಟು. ಗೆಲುವು ಅನ್ನುವುದಕ್ಕಿಂತ ನಾಂದಿ ಅನ್ನಿ.

ಹಿನ್ನೆಲೆ ಚುಟುಕಾಗಿ: ವಿಲಾರ್ ಊರು ದಕ್ಷಿಣದ ಬಂದರು ಸೆತ್. ಪ್ಯಾರಿಸಿಗೆ ಬಂದದ್ದು ಸಾಹಿತ್ಯ ಓದಲು. ನಟ, ನಿರ್ದೇಶಕ ಶಾರ್ಲ್ ದುಲ್ಲಾಂ ಅವರ ತಾಲೀಮು ನೋಡಿ ಅಲ್ಲೇ ಶಿಷ್ಯನಾದರು, ನೇಪಥ್ಯದ ಉಸ್ತುವಾರಿಯನ್ನೂ ಕಲಿತರು. ಯುದ್ಧಕಾಲದಲ್ಲಿ 'ಲಾ ರುಲೋತ್' ಎಂಬ ಸಂಚಾರಿ ತಂಡದೊಂದಿಗೆ ಹಳ್ಳಿ ಪಟ್ಟಣ ಸುತ್ತಾಟ. 1943ರಲ್ಲಿ ಸ್ವಂತ ತಂಡ, ಪುಟ್ಟ ರಂಗಮಂದಿರಗಳಲ್ಲಿ ಸ್ಟ್ರಿಂಡ್‌ಬರ್ಗ್. 1945ರಲ್ಲಿ ಪ್ಯಾರಿಸಿನ ವ್ಯೂ-ಕೊಲೊಂಬಿಯೆ ರಂಗಮಂದಿರದಲ್ಲಿ ಎಲಿಯಟ್‌ನ 'ಮರ್ಡರ್ ಇನ್ ದ ಕೆಥೀಡ್ರಲ್' ಮಾಡಿದ ಮೇಲೆ ಹೆಸರು ಬಂತು. ಅವಿನ್ಯಾನ್‌ನ ಪೋಪರ ಅರಮನೆಯಲ್ಲಿ ಚಿತ್ರಪ್ರದರ್ಶನ ಏರ್ಪಡಿಸುತ್ತಿದ್ದ ಕ್ರಿಸ್ತಿಯಾಂ ಝೆರ್ವೋಸ್ ಅಲ್ಲಿ ಇದೇ ನಾಟಕ ಆಡಿ ಎಂದು ಕೇಳಿದ್ದರು. ವಿಲಾರ್ ಮೊದಲು ಆಗುವುದಿಲ್ಲವೆಂದರು, ಆಮೇಲೆ ತಾವೇ ಮೂರು ಹೊಸ ನಾಟಕ ಮಾಡುತ್ತೇನೆಂದು ಒಪ್ಪಿದರು. ಕೈಗೆ ಸಿಕ್ಕ ಹಳೆಯ ಯಶಸ್ಸನ್ನು ಮತ್ತೆ ಮಾರದೆ ಹೊಸದಕ್ಕೆ ಕೈಹಾಕಿದ್ದು, ನನ್ನ ಪ್ರಕಾರ, ಅವರ ಸ್ವಭಾವವನ್ನೇ ಹೇಳುತ್ತದೆ.

ಬೆಳಕಿನಕಂಬ:
ಖಾಲಿ ರಂಗದ ಪ್ರಶ್ನೆಗೆ ಉತ್ತರ ಅವಿನ್ಯಾನ್‌ನ ಆಟ ನಡೆದ ಪೋಪರ ಅರಮನೆಯ ಅಂಗಳದಲ್ಲೇ ಇದೆ. ಸುತ್ತ ಕೋಟೆಯಂಥ ಕಲ್ಲುಗೋಡೆ, ಮೇಲೆ ಆಕಾಶ. ಅದರ ಮುಂದೆ ಬಣ್ಣ ಬಳಿದ ಬಟ್ಟೆಯ ಅರಮನೆ ನಿಲ್ಲಿಸಿದರೆ ನಗೆಪಾಟಲು. ಸಾಲದ್ದಕ್ಕೆ ರೋನ್ ಕಣಿವೆಯಿಂದ ಬೀಸುವ ಮಿಸ್ತ್ರಾಲ್ ಗಾಳಿ: ಎತ್ತರದ ಚೌಕಟ್ಟು ನಿಲ್ಲುವುದಿಲ್ಲ, ಹಗುರ ಬಟ್ಟೆ ಹಾರುತ್ತದೆ, ವಾಕ್ಯದ ಕೊನೆಯ ಪದ ಗಾಳಿಪಾಲಾಗುತ್ತದೆ. ಆದ್ದರಿಂದ ಬಿಟ್ಟದ್ದಕ್ಕೆಲ್ಲ ಬದಲಿ ಬೇಕಿತ್ತು.

ಸೆಟ್ಟಿನ ಕೆಲಸ ಬೆಳಕಿಗೆ ಬಂತು. ಪಿಯೆರ್ ಸವೆರೋಂ ಕತ್ತಲೆಯೊಳಗೆ ಆಟದ ಜಾಗವನ್ನಷ್ಟೇ ಬೆಳಗಿಸುತ್ತಿದ್ದರು. ಜಾಗ ಬದಲಾಯಿತೆಂದರೆ ದೃಶ್ಯ ಬದಲಾದಂತೆ. ಚಿತ್ರಕಾರ ಲೆಯೋಂ ಗಿಶಿಯಾ ಗಾಢವಾದ, ಹರವಾದ ಬಣ್ಣಗಳ ಉಡುಪು ಕೊಟ್ಟರು. ದೂರದವನಿಗೆ ಮುಖಭಾವ ಕಾಣದು, ಬಣ್ಣ ಕಾಣುತ್ತದೆ, ಯಾರು ರಾಜ ಯಾರು ದೂತ ಎಂದು ಅದರಿಂದಲೇ ತಿಳಿಯಬೇಕು. ಪರದೆ ಏಳುವ ಸೂಚನೆಯಿಲ್ಲದ ಕಡೆ ಸಂಗೀತ ಸಂಯೋಜಕ ಮೊರೀಸ್ ಝಾರ್ ಅವರ ತುತ್ತೂರಿ ಆರಂಭ ಸಾರುತ್ತಿತ್ತು. ಅದು ಇವತ್ತಿಗೂ ಉತ್ಸವದಲ್ಲಿ ಮೊಳಗುತ್ತದೆ.

ಶಾಯೋಗೆ ಬಂದಾಗ ಗಾಳಿಯೂ ಇಲ್ಲ, ಗೋಡೆಯೂ ಇಲ್ಲ. ಆದರೂ ಪರದೆ, ಫುಟ್‌ಲೈಟ್ ತೆಗೆಸಿ, ರಂಗವನ್ನು ಪ್ರೇಕ್ಷಕರ ಕಡೆಗೆ ಮುಂದಕ್ಕೆ ಚಾಚಿದರು. ಹಣ ಕಡಿಮೆಯಿತ್ತು, ಸರಿ. ಆದರೆ ಬರೀ ಹಣದ ಮಾತಾಗಿದ್ದರೆ ಅಗ್ಗದ ಸೆಟ್ ಹಾಕುತ್ತಿದ್ದರು. ಅನುಕರಿಸುವವರು ಎಡವುವುದು ಇಲ್ಲೇ: ಸೆಟ್ ತೆಗೆಯುತ್ತಾರೆ, ಬೆಳಕು, ಬಣ್ಣ, ಮಾತಿನ ಸ್ಪಷ್ಟತೆಗೆ ದುಪ್ಪಟ್ಟು ದುಡಿಯುವುದಿಲ್ಲ. ಆಗ ರಂಗ ಬರಿದಾಗಿಯಲ್ಲ, ಬಡವಾಗಿ ಕಾಣುತ್ತದೆ.

ಟಿಕೆಟ್‌ಕಟ್ಟೆ:
ಮೂರನೆಯದಕ್ಕೆ ನನ್ನ ಉತ್ತರ. 1951ರಲ್ಲಿ ಸರ್ಕಾರದ ಅಧಿಕಾರಿ ಝಾನ್ ಲೊರಾಂ ಎಂಬವರು ವಿಲಾರ್‌ರನ್ನು ಟಿಎನ್‌ಪಿಗೆ, ಅಂದರೆ ರಾಷ್ಟ್ರೀಯ ಜನತಾ ರಂಗಭೂಮಿಗೆ ನೇಮಿಸಿದರು. 1920ರಲ್ಲಿ ಫಿರ್ಮಾಂ ಝೆಮಿಯೆ ಕಟ್ಟಿದ ಸಂಸ್ಥೆ ಅದು. ಅನುದಾನವಿತ್ತು, ಆದರೆ ನಷ್ಟವಾದರೆ ಹೊಣೆ ವಿಲಾರ್ ತಲೆಗೇ. ಟಿಎನ್‌ಪಿಯ ನೆಲೆಯಾದ ಶಾಯೋ ಆಗ ವಿಶ್ವಸಂಸ್ಥೆಯ ಸಭೆಗೆ ಹೋಗಿದ್ದರಿಂದ ಮೊದಲ ಪ್ರದರ್ಶನಗಳು ಹೊರವಲಯದ ಸ್ಯುರೆನ್‌ನಲ್ಲಿ: 'ಲ ಸಿದ್', ಜತೆಗೆ ಬ್ರೆಖ್ಟ್‌ನ 'ಮದರ್ ಕರೇಜ್'. ಅಲ್ಲೇ ವಾರಾಂತ್ಯದ ಒಟ್ಟು ಕಾರ್ಯಕ್ರಮ ಶುರುವಾಯಿತು. ನಾಟಕ, ಸಂಗೀತ, ಊಟ, ಕಲಾವಿದರೊಡನೆ ಮಾತುಕತೆ, ಕುಣಿತ ಎಲ್ಲ ಸೇರಿ.

ಆಮೇಲಿನ ಕ್ರಮಗಳು ನೋಡಲು ಸಣ್ಣವು. ಆಟ ರಾತ್ರಿ ಎಂಟಕ್ಕೆ, ಏಕೆಂದರೆ ಹೊರವಲಯದವರು ಮನೆ ಸೇರಬೇಕು. ಬಾಗಿಲು ಬೇಗ ತೆರೆದು ಒಳಗೇ ಊಟ. ಕೆಲಸದಿಂದ ನೇರ ಬರಬಹುದು. ಬಖ್ಶೀಸು ರದ್ದು, ಕೋಟು ಇಡಲು ಶುಲ್ಕವಿಲ್ಲ. ನಾಟಕದ ಪೂರ್ತಿ ಪಠ್ಯ ಅಗ್ಗದ ಪುಸ್ತಕವಾಗಿ ಕೈಗೆ. ತಡವಾಗಿ ಬಂದವರಿಗೆ ಪ್ರವೇಶವಿಲ್ಲ. ಎಲ್ಲಕ್ಕಿಂತ ಮುಖ್ಯ, ಕಾರ್ಖಾನೆಗಳ ನೌಕರರ ಸಮಿತಿ, ಯುವಜನ ಸಂಘಗಳ ಮೂಲಕ ಗುಂಪಾಗಿ ಟಿಕೆಟ್ ಮಾರಾಟ. ವಿಮರ್ಶಕರಿಗಿಂತ ಮುಂಚಿನ ಆಟಗಳನ್ನು ಈ ಸಂಘಗಳಿಗೆ ಮೀಸಲಿಟ್ಟರು. ನಾಟಕ ನೋಡಲು ಅಂಜುವವನನ್ನು ತಡೆಯುವುದು ಬರೀ ಟಿಕೆಟ್ ದರವಲ್ಲ, ಬಾಗಿಲಿನಿಂದ ಆಸನದವರೆಗಿನ ಮುಜುಗರ. ವಿಲಾರ್ ಅದನ್ನು ಒಂದೊಂದಾಗಿ ಕಿತ್ತರು. ಫಿಲಿಪ್, ನಟಿ ಮರಿಯಾ ಕಸಾರೆಸ್ ಹೆಸರು ನೆರವಾದದ್ದು ನಿಜ, ಆದರೆ 1959ರಲ್ಲಿ ಫಿಲಿಪ್ ತೀರಿಕೊಂಡ ಮೇಲೂ ಟಿಎನ್‌ಪಿ ನಡೆಯಿತು.

ಮೂರನೇಗಂಟೆ:
ಒಂದು ಎಚ್ಚರಿಕೆ ಸೇರಿಸುತ್ತೇನೆ. 'ಕಾರ್ಮಿಕರೆಲ್ಲ ಬಂದರು' ಎಂದು ಬರೆಯಬೇಡಿ. 1955ರಲ್ಲೇ ತತ್ವಜ್ಞಾನಿ, ನಾಟಕಕಾರ ಸಾರ್ತ್ರ್ ಇದನ್ನು ಪ್ರಶ್ನಿಸಿದ್ದರು. ಬಂದವರಲ್ಲಿ ಗುಮಾಸ್ತರು, ಶಿಕ್ಷಕರು, ವಿದ್ಯಾರ್ಥಿಗಳೇ ಹೆಚ್ಚು.

ನಟನಾಗಿಯೂ ವಿಲಾರ್‌ರನ್ನು ಮರೆಯಬೇಡಿ: 1952ರಲ್ಲಿ ಮೊಲಿಯೇರನ ಜಿಪುಣ ಹಾರ್ಪಗೋಂ, 1953ರಲ್ಲಿ ದೋಂ ಝುವಾನ್, 1960ರಲ್ಲಿ ಬ್ರೆಖ್ಟ್‌ನ ಆರ್ತುರೊ ಊಯಿ. ಈ ಊಯಿ, ಅದೇ ವರ್ಷದ 'ಆಂತಿಗೊನೆ', ಮರುವರ್ಷದ ಅರಿಸ್ಟೋಫನೀಸನ 'ಶಾಂತಿ' ಮೂರನ್ನೂ ಆಗ ಫ್ರಾನ್ಸ್ ನಡೆಸುತ್ತಿದ್ದ ಅಲ್ಜೀರಿಯ ಯುದ್ಧದ ಪಕ್ಕದಲ್ಲಿಟ್ಟು ಓದಿ, ಆಯ್ಕೆಯ ತರ್ಕ ಸಿಗುತ್ತದೆ. 1963ರಲ್ಲಿ ಟಿಎನ್‌ಪಿ ಬಿಟ್ಟರು, ಝಾರ್ಜ್ ವಿಲ್ಸನ್ ವಹಿಸಿಕೊಂಡರು. ಅವಿನ್ಯಾನ್ ಮಾತ್ರ ಸಾಯುವವರೆಗೂ ಬಿಡಲಿಲ್ಲ. 1966ರಿಂದ ಬೇರೆ ನಿರ್ದೇಶಕರಿಗೆ, ಬೆಝಾರ್‌ರ ನೃತ್ಯಕ್ಕೆ, 1967ರಲ್ಲಿ ಗೊದಾರ್‌ರ ಸಿನಿಮಾಕ್ಕೂ ಅಂಗಳ ತೆರೆದರು. 1968ರಲ್ಲಿ, ಫ್ರಾನ್ಸಿನ ವಿದ್ಯಾರ್ಥಿ-ಕಾರ್ಮಿಕ ಚಳವಳಿಯ ಬೆನ್ನಿಗೇ, ಅವಿನ್ಯಾನ್‌ನಲ್ಲಿ ಪ್ರತಿಭಟನಕಾರರು ಇವರನ್ನೇ ಸ್ಥಾಪಿತ ವ್ಯವಸ್ಥೆಯ ಪ್ರತಿನಿಧಿ ಎಂದು ಕೂಗಿದರು. ಈ ಘಟ್ಟಕ್ಕೆ ನಿಮ್ಮ ಟಿಪ್ಪಣಿಯಲ್ಲಿ ಅರ್ಧ ಪುಟ ಕೊಡಿ. ಚಿತ್ರ ಬೇಕಿದ್ದರೆ ಆನ್ಯೆಸ್ ವಾರ್ದಾ ತೆಗೆದ ಟಿಎನ್‌ಪಿ ಫೋಟೋಗಳಿಂದ ಶುರುಮಾಡಿ, ದಾಖಲೆಗಳಿಗೆ ಅವಿನ್ಯಾನ್‌ನ ಝಾಂ ವಿಲಾರ್ ಭವನವಿದೆ.