ಗೋಡಿಗೆ ಕೆಂಪ್ ಬಣ್ಣ: ನಮ್ಮ ಓಣಿ ಗುಂಪು, ಹುಬ್ಬಳ್ಳಿ

ಮನಿ 22, ಮ್ಯಾಲಿನ ಬಾಡಿಗಿ (ಬೆಳಿಗ್ಗೆ 5:50)
ರಾತ್ರಿ ಹನ್ನೊಂದೂವರಿಗೆ ಬ್ಯಾಟರಿ ಹಿಡ್ಕೊಂಡ್ ಬಂದು ಗೋಡಿಗೆ ಕೆಂಪ್ ಬಣ್ಣ ಬಳದ್ ಹೋಗ್ಯಾರ! ಕೇಳಿದ್ರ "ರಸ್ತೆ ಅಗಲ ಆಗ್ತೈತಿ, ಬಾಡಿಗಿಯವ್ರಿಗೆ ಸಂಬಂಧ ಇಲ್ಲ" ಅಂದ್ರು. ಹನ್ನೊಂದ್ ವರ್ಷ ಆತು ನಾವು ಇಲ್ಲಿ ಬಂದು. ನಮ್ಮತ್ತಿ ಬೆಳತನಕ ಅಳಕೋತ ಕುಂತಾರ. ಹೋದ ವರ್ಷ ಮೀಟಿಂಗ್ ಮಾಡ್ರಿ ಅಂದ್ರ ಯಾರೂ ಬರ್ಲಿಲ್ಲ. ಈಗಾರ ಬಾಯಿ ಬಿಡ್ರಿ.

ಮನಿ 7
ನಾ ಅವತ್ತೇ ಹೇಳಿದ್ದೆ. ಮೂಲಿ ಮನಿಯವ್ರು ಕಟ್ಟಿ ಮುಂದ ತಂದ್ರು, ಅದಕ್ಕ ಎಲ್ಲಾರ ಕಣ್ಣು ಈ ಓಣಿ ಮ್ಯಾಲೆ ಬಿತ್ತು.

ಮೂಲಿ ಮನಿ
ನಮ್ಮ ಕಟ್ಟಿ 2 ಫೂಟ್ ಕಾಕಾ. ನಿಮ್ಮ ಕಾರಿನ ಶೆಡ್ ಎಲ್ಲಿತನಕ ಬಂದೈತಿ ನೋಡ್ರಿ.

ಮನಿ 7
ಶೆಡ್ಡಿಗೆ ಪರವಾನಗಿ ಐತಿ. ಪರವಾನಗಿ!

ಮಾಸ್ತರ
ಜಗಳ ಆಮ್ಯಾಲೆ ಮಾಡ್ರಿ. ನೋಟಿಸ್ ಯಾರಿಗಾರ ಬಂದೈತೇನು? ಕಲಂ 11 ಅಂತಿದ್ರ 2013ರ ಭೂಸ್ವಾಧೀನ ಕಾಯ್ದೆ, ತಕರಾರು ಕೊಡಾಕ 60 ದಿನ. 3ಎ ಅಂತಿದ್ರ ರಾಷ್ಟ್ರೀಯ ಹೆದ್ದಾರಿ ಕಾಯ್ದೆ, ಬರೇ 21 ದಿನ. ಅದನ್ನ ಮೊದ್ಲ ನೋಡ್ಬೇಕು.

ಕಿರಾಣಿ ಅಂಗಡಿ
ಶುಭೋದಯ 🌹🌹 ಸಿದ್ಧಾರೂಢ ಅಜ್ಜನ ಕೃಪಾ ಎಲ್ಲಾರ ಮ್ಯಾಲೆ ಇರ್ಲಿ 🙏

ಕಿರಾಣಿ ಅಂಗಡಿ
ನಮಗ ಬಂದೈತ್ರಿ ಮಾಸ್ತರ, 9 ದಿನ ಆತು. ಕಲಂ 11 ಅಂತ ಐತಿ. ಗುಂಪಿನ್ಯಾಗ ಹಾಕಿ ಮಂದಿನ್ನ ಅಂಜಿಸ್ಬ್ಯಾಡ ಅಂತ 7ನೇ ಮನಿ ಕಾಕಾ ಅಂದಿದ್ರು.

ಮನಿ 22
9 ದಿನ ಮುಚ್ಚಿ ಇಟ್ಟಿದ್ರಿ ಕಾಕಾ?

ಮನಿ 7
ಮುಚ್ಚಿಟ್ಟಿಲ್ಲ, ಮ್ಯಾಲಿನವ್ರ ಕೂಡ ಮಾತಾಡಾಕತ್ತಿದ್ದೆ. ಎಲ್ಲಾರೂ ಸುಮ್ನ ಒಪ್ಪಿಗಿ ಕೊಡ್ರಿ, ನಾಕ್ ಪಟ್ಟು ರೊಕ್ಕ ಬರ್ತೈತಿ.

ಮಾಸ್ತರ
ನಾಕ್ ಪಟ್ಟು ಹಳ್ಳಿ ಜಮೀನಿನ ಮಾತು, ಅದೂ ಹೆಚ್ಚಂದ್ರ. ನಮ್ದು ಪಾಲಿಕಿ ಹದ್ದು. ಮಾರುಕಟ್ಟಿ ಬೆಲಿ, ಅದರಷ್ಟೇ ಸೊಲೇಷಿಯಂ (ಜಾಗ ಬಲವಂತಲೆ ತಗೊಂಡಿದ್ದಕ್ಕ ಕೊಡೋ ಹೆಚ್ಚಿನ ರೊಕ್ಕ), ಮ್ಯಾಲೆ ಆ ಬೆಲಿಗೆ ವರ್ಷಕ್ಕ ನೂರಕ್ಕ 12. ರೊಕ್ಕ ತಗೊಳ್ಳೋವಾಗ "ತಕರಾರಿಟ್ಟು ತಗೊಂಡೇನಿ" ಅಂತ ಬರೀರಿ. ಬರೀದಂಗ ತಗೊಂಡ್ರ ಆಮ್ಯಾಲೆ ಕಲಂ 64ರಾಗ ಹೆಚ್ಚಿಗಿ ಕೇಳಾಕ ಬರಂಗಿಲ್ಲ.

ಮನಿ 9
ರಸ್ತೆ ಅಗಲ ಆದ್ರ ಬಸ್ ನಮ್ಮ ಪಡಸಾಲ್ಯಾಗ ನಿಲ್ತೈತಿ 😂 ಸ್ಟಾಪಿಗೆ ನಡಿಯೋದ್ ತಪ್ತು

ಮನಿ 22
ನಗೋದೇನೈತ್ರಿ ಇದರಾಗ.

ಮನಿ 7
ಬಾಡಿಗಿಯವ್ರು ಸುಮ್ನಿರ್ರಿ. ಮಾಲಕರದ್ದೇ ಬ್ಯಾರೆ ಗುಂಪ್ ಮಾಡ್ತೇನಿ.

ಮನಿ 15, ಲಾ ಓದಾಕಿ
ಕಾಕಾ, 2013ರ ಕಾಯ್ದೆದಾಗ ಕಲಂ 3 ಓದ್ರಿ. ಪ್ಯಾಟಿ ಜಾಗದಾಗ 3 ವರ್ಷ ಅಥವಾ ಅದಕ್ಕೂ ಹೆಚ್ಚು ವಾಸ ಇದ್ದ ಕುಟುಂಬನೂ ಬಾಧಿತ ಕುಟುಂಬನ. ಮಾಲಕರು ಅಷ್ಟೇ ಅಂತ ಎಲ್ಲೂ ಇಲ್ಲ. ಮನಿ ಬಿಟ್ಟು ಹೋಗೋ ಪ್ರಸಂಗ ಬಂದ್ರ ವರ್ಷತನಕ ತಿಂಗಳಿಗೆ 3,000, ಸಾಮಾನ ಸಾಗಿಸಾಕ 50,000 ಅಂತ ಎರಡನೇ ಅನುಸೂಚಿ ಹೇಳ್ತೈತಿ. 22ನೇ ಮನಿ ಅಕ್ಕಾರ, ಬಾಡಿಗಿ ಕರಾರು, ಲೈಟ್ ಬಿಲ್, ರೇಷನ್ ಕಾರ್ಡ್ ತೆಗದಿಡ್ರಿ. ಕಾನೂನು ಸೇವಾ ಪ್ರಾಧಿಕಾರದಾಗ ಹೆಣ್ಮಕ್ಳಿಗೆ ಆದಾಯ ನೋಡ್ದ ವಕೀಲರನ್ನ ಕೊಡ್ತಾರ.

ಮನಿ 22
ನಿನ್ನ ಹೊಟ್ಟಿ ತಣ್ಣಗಿರ್ಲವಾ. ಅತ್ತಿಗೆ ಓದಿ ಹೇಳಿದೆ.

ಮಾಸ್ತರ
ಆದಿತ್ಯವಾರ ಹತ್ತಕ್ಕ ಹನುಮಪ್ಪನ ಗುಡಿ ಕಟ್ಟಿಗೆ ಬರ್ರಿ. ಮಾಲಕರು ಸಿಟಿ ಸರ್ವೇ ಉತಾರ, ಕರ ತುಂಬಿದ ಪಾವತಿ ತರ್ರಿ. ಮನಿಗೊಂದು ತಕರಾರು ಅರ್ಜಿ ಬರೆಯೋಣ. ಎಲ್ಲಾರದ್ದೂ ಸೇರ್ಸಿ ಒಂದ ಅರ್ಜಿ ಬ್ಯಾಡ.

ಮನಿ 7
ಆದಿತ್ಯವಾರ ಗದಗದಾಗ ಲಗ್ನ ಐತಿ. ನಾ ಇಲ್ದ ಮೀಟಿಂಗ್ ಮಾಡಬ್ಯಾಡ್ರಿ. ಮುಂದಿನ ವಾರ ನೋಡೋಣ.

ಮೂಲಿ ಮನಿ
ಶೆಡ್ ತಗೀರಿ, ಆಮ್ಯಾಲೆ ಮೀಟಿಂಗ್.

ಮನಿ 15, ಲಾ ಓದಾಕಿ
60ರಾಗ ಕಮ್ಮಿ ಅಂದ್ರೂ 9 ದಿನ ಹೋಗ್ಯಾವ. ಅರ್ಜಿ ಮಾದರಿ ನಾ ಬರೀತೇನಿ, ಯಾರ್ಯಾರು ಸಹಿ ಮಾಡ್ತೀರಿ ಹೆಸರು ಹಾಕ್ರಿ.

ಮನಿ 22
ನಮ್ಮದು ಮೊದಲ ಹೆಸರು.

ಮನಿ 9
ನೀರ ಬಿಟ್ಟಾರ್ರಿ!! ಎಂಟ್ ದಿನದ ಮ್ಯಾಲೆ!!

ಕಿರಾಣಿ ಅಂಗಡಿ
ರಾಡಿ ಬರಾಕತ್ತೈತಿ, ಯಾರೂ ಟಾಕಿಗೆ ಬಿಡಬ್ಯಾಡ್ರಿ.

ಮನಿ 7
ಮೊದ್ಲ ಇದಕ್ಕೊಂದು ಅರ್ಜಿ ಬರೀರಿ. ಎಲ್ಲಾರೂ ಸಹಿ ಮಾಡ್ರಿ, ನಾ ಇವತ್ತ ಒಯ್ದ ಕೊಡ್ತೇನಿ.

ಮೂಲಿ ಮನಿ
ಸಹಿ ಐತಿ.

ಮನಿ 9
ಸಹಿ ಐತಿ 👍

ಮಾಸ್ತರ
ತಕರಾರು ಅರ್ಜಿಗೆ ಇನ್ನಾ ಒಂದ ಹೆಸರು ಐತ್ರಿ.

ಮನಿ 7
ಮೋಟರ್ ಯಾರು ಹಚ್ಯಾರ? ನಮ್ಮ ನಳಕ್ಕ ಹನಿನೂ ಇಲ್ಲ!